ಬಾಗಿಲಿಗೆ ಅಂಟಿಸಿದ ಸಮನ್ಸು

ಏಪ್ರಿಲ್ ೧೧, ಗುರುವಾರ

ಅಕ್ಕ ಸಂಜೆ ಕೋರ್ಟಿನ ಕಾಗದ ತಂದು ನಗುತ್ತಲೇ ಕೊಟ್ಟಳು. “ಓದಿ ಹೇಳೇ. ನನಗೇನೂ ಭಯ ಇಲ್ಲ. ಕೋರ್ಟಿನ ಅಮೀನ ಸಮನ್ಸ್ ಹಿಡ್ಕೊಂಡು ಎರಡು ಮೂರು ಸಲ ಬಂದ, ನಾನು ಬಾಗಿಲೇ ತೆಗೀಲಿಲ್ಲ. ಕೊನೆಗೆ ಬಾಗಿಲಿಗೆ ಅಂಟಿಸಿ ಹೋದ, ಹರಿದು ಬಿಸಾಕಿದೆ. ಸಮನ್ಸೇ ತಗೊಂಡಿಲ್ಲ ಅಂದ್ಮೇಲೆ ಕೇಸೆಲ್ಲಿಂದ ಬರತ್ತೆ?”

ಕೇಸು ಮುಗಿದೇ ಹೋಗಿದೆ. ಅವಳು ಹಾಜರಾಗಲಿಲ್ಲವೆಂದು, ಕೇಸು ಹಾಕಿದ್ದ ಭಾವನ ಮಾತೊಂದನ್ನೇ ಕೇಳಿ ತೀರ್ಪು ಕೊಟ್ಟಿದ್ದಾರೆ. ಮಗಳು ಇನ್ನು ಅಪ್ಪನ ಸುಪರ್ದಿಗೆ.

ಹಳೆಯ ಕಾನೂನಿನ ಮಾತುಗಳನ್ನು ಜನರ ಮಾತಿಗೆ ತರುವುದೇ ನನ್ನ ನೌಕರಿ. ಬಾಗಿಲಿಗೆ ಅಂಟಿಸಿದ ಸಮನ್ಸು ‘ಜಾರಿಯಾಗಿದೆಯೆಂದು ಭಾವಿಸತಕ್ಕದ್ದು’ ಎಂದಿದ್ದನ್ನು ಹೋದ ತಿಂಗಳು ನಾನೇ ‘ಕೈಗೆ ಕೊಟ್ಟಂತೆಯೇ ಲೆಕ್ಕ’ ಎಂದು ತಿದ್ದಿದ್ದೆ. ಸಾಹೇಬರು ಭೇಷ್ ಎಂದಿದ್ದರು. ಆ ಭೇಷ್ ಕಟ್ಟಿಕೊಂಡು ಏನು ಮಾಡಲಿ?

ತೀರ್ಪು ರದ್ದು ಮಾಡಿ ಎಂದು ಅರ್ಜಿ ಹಾಕಬಹುದು. ಬೇಕೆಂದೇ ಬಾಗಿಲು ಹಾಕಿಕೊಂಡವಳು ಏನು ಕಾರಣ ಹೇಳಿಯಾಳು?

ನಾನು ತಿದ್ದಿದ ಮಾತನ್ನೇ ಹೇಳಿದೆ: “ಕೈಗೆ ಕೊಟ್ಟ ಹಾಗೇ ಲೆಕ್ಕ ಅಕ್ಕಾ.” ಅರ್ಥವಾಗಲಿಲ್ಲ ಎಂದಿದ್ದರೆ ಇನ್ನೊಂದು ಮಾತು ಹುಡುಕುತ್ತಿದ್ದೆ. ಅವಳು ಮಗಳನ್ನು ಹತ್ತಿರ ಕರೆದು, ನೆಟ್ಟಗೇ ಇದ್ದ ಜಡೆಯನ್ನು ಬಿಚ್ಚಿ ಮತ್ತೆ ಹೆಣೆಯತೊಡಗಿದಳು.