ಜಾಹೀರಾತು ಹಾಕದ ಸಂಜೆ

ನ್ಯೂಕ್ಯಾಸಲ್
ಅಕ್ಟೋಬರ್ 1984, ಶನಿವಾರ

ಪ್ರೀತಿಯ ಅಪ್ಪನಿಗೆ,

ಜೈಲಿನಲ್ಲಿ ನಿನಗೆ ಟೀವಿ ತೋರಿಸುವುದಿಲ್ಲವಂತೆ. ಅದಕ್ಕೇ ನಿನ್ನೆ ನಡೆದದ್ದನ್ನು ನಾನೇ ಬರೆಯುತ್ತಿದ್ದೇನೆ.

ನನ್ನ ಸಂಗೀತ ಕಾರ್ಯಕ್ರಮದಲ್ಲಿ ಅಮ್ಮ ಮತ್ತು ಗಣಿ ಕೇರಿಯ ಹೆಂಗಸರು ಹಾಡಿದರು, ಅದೂ ನೇರ ಪ್ರಸಾರದಲ್ಲಿ. ಚರ್ಚಿನ ಹಾಡೊಂದಕ್ಕೆ ಮಾತ್ರ ಒಪ್ಪಿಗೆಯಿತ್ತು. ಅಮ್ಮ ಅದೇ ಧಾಟಿಯಲ್ಲಿ, ಮುಷ್ಕರ ಮಾಡಿ ಜೈಲು ಸೇರಿದವರ ಹೆಸರುಗಳನ್ನು ಹಾಡತೊಡಗಿದಳು. ನನ್ನ ಬೆನ್ನ ಹಿಂದೆ ನಿಂತಿದ್ದ ಮೇಲಧಿಕಾರಿ ಪ್ರೆಂಟಿಸ್ ಕೂಗಿದರು.

“ಬ್ರೆಂಡಾ, ಜಾಹೀರಾತು ಹಾಕು! ಈಗ್ಲೇ!”

“ಹಾಡು ಮುಗೀಲಿ, ಸರ್.”

“ಪತ್ರಿಕೇಲಿ ಹಾಡಿನ ವಿಮರ್ಶೆ ಬರ್ಕೊಂಡಿದ್ದೋಳನ್ನ ಕರ್ಕೊಂಡ್ಬಂದು ಪ್ರೊಡ್ಯೂಸರ್ ಮಾಡಿದ್ದು ನಾನು. ಮರೀಬೇಡ.”

“ಮರ್ತಿಲ್ಲ ಸರ್. ಆದ್ರೆ ಅಲ್ಲಿ ಹಾಡ್ತಿರೋದು ನಮ್ಮಮ್ಮ.”

ಜಾಹೀರಾತಿನ ಗುಂಡಿಯ ಮೇಲೆ ಬೆರಳಿತ್ತು. ಒತ್ತಲಿಲ್ಲ. ನಿನ್ನ ಹೆಸರು ಬಂದಾಗ ಅಮ್ಮನ ದನಿ ಒಡೆಯಿತು; ಉಳಿದ ಹೆಂಗಸರು ಅದನ್ನು ಎತ್ತಿಕೊಂಡು ಪೂರ್ತಿ ಹಾಡಿದರು.

ನನ್ನ ಕೆಲಸ ಹೋಯಿತು. ಹಳೆಯ ಪತ್ರಿಕೆಯವರು ಮತ್ತೆ ಬರೆಯಲು ಕರೆದಿದ್ದಾರೆ, ಚಿಂತಿಸಬೇಡ. ಉಣ್ಣೆಯ ಕಾಲುಚೀಲ ಕಳಿಸುತ್ತಿದ್ದೇನೆ, ಹಾಕಿಕೋ.

ಮಂಗಳವಾರ ಅಮ್ಮ ನಿನ್ನನ್ನು ನೋಡಲು ಬರುತ್ತಾಳೆ. ನಿನ್ನೆ ಹಾಡಿ ಅವಳ ಗಂಟಲು ಕಟ್ಟಿದೆ, ಒಂದು ಮಾತೂ ಹೊರಡುತ್ತಿಲ್ಲ. ನೀನು ಮಾತು ಕಡಿಮೆಯವನೆಂದು ಗೊತ್ತು. ಆದರೂ ಅವತ್ತೊಂದು ದಿನ ನೀನೇ ಮಾತಾಡು, ಅಪ್ಪಾ.

ನಿನ್ನ ಮಗಳು,
ಬ್ರೆಂಡಾ