ಎಡಕ್ಕೆ ತಿರುಗಬೇಕಾಗಿದ್ದ ಗಾಳಿ

ಡೊಂಬಿವಲಿ ಪೂರ್ವ,
೧೪ ಜೂನ್ ೨೦೨೫, ಶನಿವಾರ

ಪ್ರೀತಿಯ ಶರ್ಮಿಳಾ,

ನಿನ್ನಕ್ಕನ ಮೊಣಕಾಲು ಹೇಗಿದೆ? ಆಪರೇಶನ್ ಆಗಿ ಮೂರು ವಾರವಾಯಿತಲ್ಲ, ಕಾರ್ಕಳದ ಆ ಮೆಟ್ಟಿಲು ಹತ್ತಿಳಿಯುತ್ತಿದ್ದಾರೋ, ನೀನಿದ್ದೀ ಎಂಬ ಧೈರ್ಯದಲ್ಲಿ ಇನ್ನೂ ಕಾಲು ನೀಡಿಕೊಂಡೇ ಇದ್ದಾರೋ? ನಿನ್ನ ಬಿ.ಪಿ. ಮಾತ್ರೆ ತಪ್ಪಿಸಬೇಡ. ಫೋನಿರುವಾಗ ಪತ್ರವೇಕೆ ಎನ್ನುತ್ತೀ. ಫೋನಿನಲ್ಲಿ ನೀನು ಹೇಳುತ್ತೀ, ನಾನು ಹೂಂಗುಟ್ಟುತ್ತೇನೆ. ನನ್ನ ಸರದಿ ಬರುವುದು ಕಾಗದದಲ್ಲಿ ಮಾತ್ರ.

ಈಗ ಪ್ರಣೀತಾಳ ವಿಷಯ. ನೀವಿಬ್ಬರೂ ಮಾತು ಬಿಟ್ಟಾಗಿನಿಂದ ನಿನಗೆ ಅವಳು 'ನಿಮ್ಮ ಮಗಳು', ಅವಳಿಗೆ ನೀನು 'ನಿಮ್ಮ ಹೆಂಡತಿ'. ನಡುವೆ ನಾನೊಂದು ಟಪಾಲು ಪೆಟ್ಟಿಗೆ. ವಾಗ್ಳೆ ಎಸ್ಟೇಟಿನ ಕಂಪನಿಯಲ್ಲಿ ಪಿ.ಎಫ್. ಇದ್ದ ಕೆಲಸ ಬಿಟ್ಟು ಮಹಾಪೆಯ ಸ್ಟುಡಿಯೋದಲ್ಲಿ ಸಿನಿಮಾಕ್ಕೆ ಕಂಪ್ಯೂಟರ್ ದೃಶ್ಯ ಮಾಡಲು ಸೇರಿದಾಗ, "ಗಾಳಿ ಹೊಗೆ ಮಾಡೂದೂ ಒಂದು ಕೆಲಸವಾ ಮಾರಾಯ್ತಿ?" ಎಂದಿದ್ದೆಯಲ್ಲ, ನಿನ್ನ ಬಾಯಿಯ ಮಹಿಮೆ ನೋಡು, ಅವಳ ಪಾಲಿಗೆ ಬಂದದ್ದು ಗಾಳಿಯೇ! ಅಮೆರಿಕದ ಊರೊಂದನ್ನು ಎತ್ತಿ ಒಗೆಯುವ ಸುಂಟರಗಾಳಿ, ಹನ್ನೊಂದು ಸೆಕೆಂಡು. ಅದು ಪಾಸಾದರೆ ಕೆಲಸ ಖಾಯಂ, ಇಲ್ಲವಾದರೆ ಪ್ರೊಬೇಶನ್ ಮುಗಿಸಿ ಮನೆಗೆ.

ಆ ಹನ್ನೊಂದು ಸೆಕೆಂಡಿಗಾಗಿ ಅವಳು ಓದಿದಷ್ಟು ನಾನು ಬಿ.ಎಸ್ಸಿ.ಗೂ ಓದಿರಲಿಲ್ಲ. ನನಗೆ ಪಾಠವಾದದ್ದು ಚಪಾತಿ ಮಣೆಯ ಮುಂದೆ. ನೆಲದ ಹತ್ತಿರ ಗಾಳಿ ನಿಧಾನ, ಮೇಲೆ ಜೋರು. ಹಾಗಾಗಿ ನಡುವಿನ ಗಾಳಿ ಲಟ್ಟಣಿಗೆಯಂತೆ ಅಡ್ಡಕ್ಕೆ ಉರುಳುತ್ತದೆ. ಕೆಳಗಿನ ಬಿಸಿ, ತೇವದ ಗಾಳಿ ಮೇಲೇರುವಾಗ ಆ ಲಟ್ಟಣಿಗೆಯನ್ನು ಎತ್ತಿ ನಿಲ್ಲಿಸುತ್ತದೆ, ಮೋಡವೇ ತಿರುಗತೊಡಗುತ್ತದೆ. ಆಮೇಲೆ ಸುಳಿ ಸಪೂರವಾದಷ್ಟೂ ವೇಗ ಹೆಚ್ಚು. (ಮದುವೆಯಾದ ಮೇಲೆ ನಾನು ಅಗಲವಾದಷ್ಟೂ ನಿಧಾನವಾದದ್ದು ಇದೇ ನಿಯಮದಿಂದಂತೆ.) "ಹಾಗೆ ತಿರುಗುವ ಎಲ್ಲ ಮೋಡದಿಂದಲೂ ಸುಂಟರಗಾಳಿ ಹುಟ್ಟೂದಿಲ್ಲ ಪಪ್ಪಾ, ಯಾಕೆ ಅಂತ ಸೈಂಟಿಸ್ಟ್‌ಗಳಿಗೂ ಪೂರಾ ಗೊತ್ತಿಲ್ಲ" ಎನ್ನುವಾಗ ಅವಳ ಮುಖ ನೋಡಬೇಕಿತ್ತು. ಗೊತ್ತಿಲ್ಲದ್ದರ ಬಗ್ಗೆ ಇಷ್ಟು ಖುಷಿಪಡುವವರನ್ನು ನಾನು ಕಂಡಿಲ್ಲ. ಸಿನಿಮಾಗಳಲ್ಲಿ ಮನೆ ಒಳಗಿನ ಒತ್ತಡಕ್ಕೆ ಕುಕ್ಕರಿನಂತೆ ಸಿಡಿಯುವುದು ಸುಳ್ಳಂತೆ. ಗಾಳಿ ಕಿಟಕಿ ಒಡೆದು ನುಗ್ಗಿ ಮಾಡನ್ನು ಎತ್ತುತ್ತದೆ. ಫ್ಲೈಓವರ್ ಕೆಳಗೆ ಅಡಗಿ ಬದುಕುವುದೂ ಬುರುಡೆ, ಆ ಕಿಂಡಿಯಲ್ಲಿ ಗಾಳಿ ಇನ್ನೂ ಜೋರು. ರೈಲಿನಂತೆ ಅಬ್ಬರಿಸುವುದು ಮಾತ್ರ ನಿಜ. (ನೀನು ಹೋದ ಮರುದಿನದ ಗಾಳಿಮಳೆಗೆ "ಒತ್ತಡ ಸಮವಾಗಲಿ" ಎಂದು ನಾನು ಕಿಟಕಿಗಳನ್ನೆಲ್ಲ ತೆರೆದಿಟ್ಟದ್ದನ್ನೂ, ನಿನ್ನ ಹಲಸಿನ ಹಪ್ಪಳ ಪಕ್ಕದ ಮನೆಯ ಸಂಜನಾಳ ಬಾಲ್ಕನಿ ಸೇರಿದ್ದನ್ನೂ ಈಗ ಒಪ್ಪಿಕೊಂಡುಬಿಡುತ್ತೇನೆ.)

ಹೋದ ವಾರದ ಶುಕ್ರವಾರ ಆ ಶಾಟ್ ಪಾಸಾಯಿತು. ಅವಳ ಮೇಲಿನವನು, ಮನೀಶ ಎಂದು, "ಏಕ್‌ದಮ್ ಫೈನಲ್" ಅಂದನಂತೆ. ಸಂಜೆ ಬಂದವಳು, ನೀನಿಲ್ಲವೆಂದು ತುಳಸಿಗೆ ತಾನೇ ದೀಪ ಇಟ್ಟಳು. ನಮ್ಮ ಬಾಲ್ಕನಿಯಲ್ಲಿ ತುಳಸಿಗೆ ಸುತ್ತು ಬರಲು ಜಾಗವೆಲ್ಲಿ? ನೀನು ಕಲಿಸಿದಂತೆ ನಿಂತಲ್ಲೇ ಬಲಕ್ಕೆ ಮೂರು ಸುತ್ತು. ಎರಡನೆಯದರ ಅರ್ಧಕ್ಕೇ ನಿಂತುಬಿಟ್ಟಳು. "ಪಪ್ಪಾ, ನಾನು ಗಾಳಿಗೂ ಪ್ರದಕ್ಷಿಣೆ ಹಾಕಿಸಿದ್ದೇನೆ!" ಭೂಮಿಯ ಉತ್ತರಾರ್ಧದಲ್ಲಿ ಹೆಚ್ಚುಕಡಿಮೆ ಎಲ್ಲ ಸುಂಟರಗಾಳಿಯೂ, ಮೇಲಿನಿಂದ ನೋಡಿದರೆ, ಎಡಕ್ಕೆ ತಿರುಗುತ್ತದಂತೆ. ಆದರೆ ಹುಟ್ಟಿದಂದಿನಿಂದ ಆರತಿ, ಗುಡಿ, ತುಳಸಿ ಎಲ್ಲದಕ್ಕೂ ಬಲಕ್ಕೇ ತಿರುಗಿದ ಕೈ, ಗಾಳಿಯನ್ನೂ ಬಲಕ್ಕೇ ತಿರುಗಿಸಿತ್ತು. ಅಮೆರಿಕದ ಗಾಳಿಗೆ ನಿನ್ನ ಸಂಸ್ಕಾರ!

ನಾನು ನನ್ನ ಎಂದಿನ ಜಾಣತನದಲ್ಲಿ, "ಪಾಸಾಗಿದೆಯಲ್ಲ, ಸುಮ್ಮನಿರು" ಎಂದೆ. ಸೋಮವಾರ ಹೋಗಿ ತಾನಾಗಿಯೇ ಹೇಳಿದಳು. "ಕೌನ್ ದೇಖತಾ ಹೈ ಯಾರ್" ಎಂದನಂತೆ ಮನೀಶ, ಅದನ್ನೆಲ್ಲ ಯಾರು ನೋಡುತ್ತಾರೆ ಎಂದು. "ಮೈ ದೇಖತೀ ಹೂಂ" ಎಂದಳಂತೆ, ನೋಡಲು ನಾನಿದ್ದೇನಲ್ಲ ಎಂದು. ದೃಶ್ಯವನ್ನು ಕನ್ನಡಿಯಂತೆ ಮಗುಚಿದರೆ ಮುಗಿಯಿತಲ್ಲ ಎಂದು ನಾನು ಕೇಳಿದೆ. ಅದರಲ್ಲಿ ಪೆಟ್ರೋಲ್ ಪಂಪಿನ ಬೋರ್ಡಿದೆಯಂತೆ, ಅಕ್ಷರಗಳೂ ಮಗುಚಿಕೊಳ್ಳುತ್ತವೆ. ಮೂರೇ ದಿನ ಕೊಟ್ಟರು. ಆಗದಿದ್ದರೆ ಶಾಟ್ ಬೇರೆಯವರಿಗೆ, ಇವಳು ಮನೆಗೆ. ಧೂಳು, ತಗಡು, ಬೇಲಿ ಕಂಬ, ಒಂದೊಂದನ್ನೂ ಮೊದಲಿನಿಂದ ತಿರುಗಿಸಿದಳು. ಗುರುವಾರ ಬಂದು ಗಂಜಿ ಉಂಡು ಮಲಗಿದವಳು ಹನ್ನೆರಡು ತಾಸು ಏಳಲಿಲ್ಲ. ಮೂವತ್ತು ವರ್ಷ ಬ್ಯಾಂಕಿನಲ್ಲಿ, ಇನ್ನೊಬ್ಬರು ಹಿಡಿಯುವ ತನಕ ನನ್ನ ತಪ್ಪು ನನಗೆ ತಪ್ಪೆಂದೇ ಅನಿಸಿದ್ದಿಲ್ಲ. ಇವಳು ಯಾರನ್ನು ಹೋಲುತ್ತಾಳೆ? ನನ್ನನ್ನಂತೂ ಅಲ್ಲ. ಮನೆಯಲ್ಲಿ ಇನ್ನೊಬ್ಬರು ಯಾರಿದ್ದಾರೆ, ನೀನೇ ಲೆಕ್ಕ ಹಾಕು.

ಅಕ್ಕನಿಗೆ ನನ್ನ ನಮಸ್ಕಾರ. ಅವರ ಕಾಲು ಬೇಗ ನೆಟ್ಟಗಾಗಲಿ, ನನ್ನ ಊಟವೂ.

ನಿನ್ನ
ವಸಂತಕುಮಾರ

ಮರೆತಿದ್ದೆ: ನಿನ್ನೆ ಅವಳ ಕೆಲಸ ಖಾಯಂ ಆಯಿತು. "ಮಮ್ಮಿ ಕೇಳಿದ್ರೆ ಮಾತ್ರ ಹೇಳಿ" ಎಂದಿದ್ದಾಳೆ. ನೀನು ಕೇಳಿಲ್ಲ, ಆದ್ದರಿಂದ ನಾನು ಹೇಳಿಲ್ಲ. ಇವತ್ತಿಗೂ ಯಾರಿಗೂ ಸಿಹಿ ಹಂಚಿಲ್ಲ ಅವಳು. ದಿನಾ ಸಂಜೆ ಏಳಕ್ಕೆ ಮಹಾಪೆಯಲ್ಲಿ ಬಸ್ ಹತ್ತುತ್ತಾಳೆ; ಶಿಳ್‌ಫಾಟಾದಲ್ಲಿ ಒಂದು ಗಂಟೆ ಟ್ರಾಫಿಕ್ ಖಂಡಿತ, ಫೋನ್ ಎತ್ತದಿರಲು ಯಾವ ನೆಪವೂ ಸಿಗುವುದಿಲ್ಲ. ಕೇಳು.