ಹಾಲ್ಡಿಸ್‌ಳ ಊರಿನ ಮಾತು

ಓಸ್ಲೊ
ನವೆಂಬರ್ ೯

ಪ್ರೀತಿಯ ಗುನ್ವೋರ್,

ನಿನ್ನ ಕಾಗದ ಬಂದು ಒಂದಿಡೀ ಬೇಸಿಗೆಯೇ ಕಳೆದುಹೋಯಿತು. ಎಷ್ಟು ಬೇಕಾದರೂ ಬೈದುಕೋ. ಮಂಡಿಯ ಆಪರೇಷನ್ ಆದ ಮೇಲೂ ಬರ್ಗೆನ್ನಿನ ಆ ಏರುದಾರಿಗಳಲ್ಲಿ ಓಡಾಡುತ್ತಿದ್ದೀಯಂತೆ, ನಿನ್ನ ಮಗಳು ಫೋನಿನಲ್ಲಿ ದೂರಿದಳು. "ನೀವಾದ್ರೂ ಹೇಳಿ, ಅಮ್ಮ ನನ್ನ ಮಾತು ಕೇಳಲ್ಲ" ಅಂದಳು. ನನ್ನ ಮಾತನ್ನಾದರೂ ನೀನು ಯಾವತ್ತು ಕೇಳಿದ್ದೆ?

ಧಾರಾವಾಹಿಯಲ್ಲಿ ನನ್ನನ್ನು ಕೊಂದದ್ದನ್ನು ನೋಡಿರುತ್ತೀ. ಇಷ್ಟು ವರ್ಷ ದುಷ್ಟ ಹೋಟೆಲ್ ಒಡತಿಯಾಗಿ ಸೊಸೆಯರನ್ನು ಗೋಳುಹೊಯ್ದುಕೊಂಡೆ. ಕೊನೆಗೆ ಮೆಟ್ಟಿಲ ಮೇಲಿಂದ ಉರುಳಿಸಿ ಮುಗಿಸಿಬಿಟ್ಟರು. ಮಾರನೆಯ ದಿನ ಟ್ರಾಮಿನಲ್ಲಿ ಒಬ್ಬಾತ ಎದ್ದು ಸೀಟು ಬಿಟ್ಟು, "ಕೂತ್ಕೊಳ್ಳಿ, ಪೆಟ್ಟು ಜೋರಾಗೇ ಬಿದ್ದಿರ್ಬೇಕು" ಅಂದ. ಓಸ್ಲೊ ಟ್ರಾಮಿನಲ್ಲಿ ಗುರುತಿಲ್ಲದವರು ಮಾತಾಡಿಸುವುದೆಂದರೇನು! ಸುತ್ತ ಇದ್ದವರೆಲ್ಲ ನಕ್ಕರು, ನಾನೂ ನಕ್ಕೆ. ಮನೆಗೆ ಬಂದ ಮೇಲೆ ಮಾತ್ರ ಇನ್ನು ಏನು ಮಾಡಲಿ ಎಂದು ತೋಚಲಿಲ್ಲ.

ಆಗ ಬಂದವಳು ಸುನ್ನಿವ. ಇನ್ನೂ ಮೂವತ್ತು ದಾಟದ ನಿರ್ದೇಶಕಿ, ನಮ್ಮ ಉತ್ತರದ ಕಡೆಯ ಹುಡುಗಿ. ಸ್ಟುರ್ವಿಕ್‌ನಲ್ಲಿ ಸಿನಿಮಾ ಮಾಡುತ್ತಿದ್ದೇನೆ, ಮೀನುಗಾರನ ವಿಧವೆಯ ಪಾತ್ರ ನೀವೇ ಮಾಡಬೇಕು, ಅದೂ ಅಲ್ಲಿಯ ಮಾತಿನಲ್ಲೇ ಎಂದು ಹಟ ಹಿಡಿದಳು. ಸ್ಟುರ್ವಿಕ್! ನಾನು ಹದಿನೆಂಟಕ್ಕೆ ಬಿಟ್ಟುಬಂದ ನನ್ನ ಹುಟ್ಟೂರು. ನಾಟಕ ಶಾಲೆಯಲ್ಲಿ ಉಚ್ಚಾರಣೆಯ ಮೇಷ್ಟರು ನನಗೆ ಹೇಳಿದ್ದು ನಿನಗೂ ನೆನಪಿರಬೇಕು: "ಆ ಮೀನುಪೇಟೆ ಮಾತನ್ನ ಬಾಗಿಲಾಚೆ ಬಿಟ್ಟು ಬಾಮ್ಮ." ಬಿಟ್ಟೆ. ಅವರ ಮೇಲೆ ನನಗೆ ಸಿಟ್ಟಿಲ್ಲ, ಅದರಿಂದಲೇ ಪಾತ್ರಗಳು ಸಿಕ್ಕವು, ಬದುಕೂ ನಡೆಯಿತು.

ಚಿತ್ರೀಕರಣದ ಶುರುವಿನಲ್ಲಿ ಬಾಯಿ ತೆರೆದರೆ ಹೋಟೆಲ್ ಒಡತಿಯೇ ಹೊರಬರುತ್ತಿದ್ದಳು. ಸುನ್ನಿವ ಪಾಪ, "ಇನ್ನೊಮ್ಮೆ ನೋಡೂಣ್ರಿ" ಎನ್ನುತ್ತಿದ್ದಳು. ಒಂದು ದಿನ ಅಡುಗೆಮನೆಯ ದೃಶ್ಯ. ಮೀನು ಬೇಯುತ್ತಿದ್ದ ಪಾತ್ರೆಯ ಮುಚ್ಚಳ ತೆಗೆಯಹೋಗಿ ಕೈ ಸುಟ್ಟುಕೊಂಡೆ.

"ಅಯ್ಯ, ಇದರ ಹೆಣಾ ಎತ್ಲಿ! ಯಾವ ಭಾಡ್ಯಾ ಇಟ್ಟಾನ ಇದನ್ನ ಇಲ್ಲೆ!"

ಕ್ಯಾಮೆರಾ ಓಡುತ್ತಲೇ ಇತ್ತು. ಸುನ್ನಿವ ಕುಣಿದಾಡಿಬಿಟ್ಟಳು. "ಇದಽ ನೋಡ್ರಿ, ಇದಽ ಬೇಕಾಗಿತ್ತು ನನಗ!"

ಅಲ್ಲಿಂದ ಮುಂದೆ ತಡೆಯೇ ಇರಲಿಲ್ಲ. ಕೆಟ್ಟು ನಿಂತ ದೋಣಿಗೆ ಅಪ್ಪ ಹಾಕುತ್ತಿದ್ದ ಶಾಪ, ಒಣಹಾಕಿದ ಮೀನಿಗೆ ಬರುವ ಕಡಲಹಕ್ಕಿಗಳ ಮೇಲೆ ಅಮ್ಮ ಹರಿಹಾಯುತ್ತಿದ್ದ ರೀತಿ, ಒಂದೊಂದಾಗಿ ನಾಲಿಗೆಗೆ ಬಂದವು. ಅಭಿನಯಿಸುತ್ತಿದ್ದೇನೆ ಎಂಬುದೇ ಮರೆತುಹೋಗುತ್ತಿತ್ತು.

ಕಳೆದ ಶನಿವಾರ ಸ್ಟುರ್ವಿಕ್‌ನ ಊರಭವನದಲ್ಲೇ ಮೊದಲ ಪ್ರದರ್ಶನ. ಜನ ಗೋಡೆಗೆ ಒರಗಿ ನಿಂತು ನೋಡಿದರು. ನಗಬೇಕಾದಲ್ಲಿ ನಕ್ಕರು, ಕೊನೆಯಲ್ಲಿ ಕಡಲಿಗೆ ಹೋಗಿಬರುವ ಗಡಸು ಗಂಡಸರೇ ಮೂಗೊರೆಸಿಕೊಂಡರು. ಗುನ್ವೋರ್, ಇಷ್ಟು ಸಮಾಧಾನದಿಂದ ನಾನು ಯಾವ ಪಾತ್ರವನ್ನೂ ಮುಗಿಸಿರಲಿಲ್ಲ. ಸುನ್ನಿವ ಮುಂದಿನ ಸಿನಿಮಾಕ್ಕೂ ಈಗಲೇ ಮಾತು ತೆಗೆದುಕೊಂಡಿದ್ದಾಳೆ.

ನಿನ್ನ ಮಂಡಿ ಬೇಗ ಗಟ್ಟಿಯಾಗಲಿ, ಮಗಳಿಗೆ ನಿನ್ನನ್ನು ಸಹಿಸುವ ಶಕ್ತಿ ಬರಲಿ, ನಿಮ್ಮ ಮನೆಯಲ್ಲಿ ಈ ಚಳಿಗಾಲ ಬೆಚ್ಚಗಿರಲಿ. ಕ್ರಿಸ್‌ಮಸ್ಸಿಗೆ ಬಾ.

ನಿನ್ನ
ಹಾಲ್ಡಿಸ್

ತಾ.ಕ.: ಇದನ್ನು ಬರೆಯಬಾರದು ಎಂದುಕೊಂಡಿದ್ದೆ. ಪ್ರದರ್ಶನ ಮುಗಿದ ಮೇಲೆ ಬೋರ್ಗ್ನಿ ನನಗೆ ವಾಫಲ್, ಕಾಫಿ ತಂದುಕೊಟ್ಟಳು. ನಮ್ಮ ಪಕ್ಕದ ಮನೆಯವಳು, ಶಾಲೆಯಲ್ಲಿ ನನ್ನ ಬೆಂಚಿನಲ್ಲೇ ಕೂರುತ್ತಿದ್ದವಳು. ನನ್ನನ್ನು ಅವಳು ಮರೆತಿರಲಿಲ್ಲ. ಎರಡೂ ಕೈಯಿಂದ ನನ್ನ ಕೈ ಹಿಡಿದು, ಮನಸಾರೆ ಮೆಚ್ಚಿ ಹೇಳಿದಳು: "ನಮ್ಮ ಮಾತು ಭಾಳ ಛಲೋ ಕಲ್ತೀರಿ ನೋಡ್ರಿ, ಹಾಲ್ಡಿಸ್. ಯಾರು ಕಲಿಸಿದ್ರು ನಿಮಗ?"

"ಸುನ್ನಿವ ಕಲಿಸಿದಳು" ಅಂದೆ. ಓಸ್ಲೊ ಮಾತಿನಲ್ಲೇ ಅಂದೆ.